ಕುಂದಗೋಳದ ಸುಭದ್ರೆ

ಸವಾಯಿ ಗಂಧರ್ವರು ಪುಣೆಯಲ್ಲಿ ತೀರಿಕೊಂಡದ್ದು 1952ರ ಸೆಪ್ಟೆಂಬರ್ 12ರಂದು. ಎಪ್ಪತ್ತು ವರ್ಷ ಮೀರಿದರೂ ಕುಂದಗೋಳ ಅವರನ್ನು ಮರೆತಿಲ್ಲ. ಪುಣ್ಯತಿಥಿಯ ಸಂಗೀತಕ್ಕೆ ನಾಡಿಗೇರ ವಾಡೆಯಲ್ಲಿ ಮಂದಿ ರಾತ್ರಿಯಿಡೀ ಕೂಡುತ್ತಾರೆ, ಊರಲ್ಲಿ ಅವರ ಹೆಸರಿನ ಸ್ಮಾರಕ ಭವನವೂ ಇದೆ. ಅವರ ಮಾತು ಬಂದಾಗಲೆಲ್ಲ ಹೇಳುವುದು ಮಾತ್ರ ಅದೇ ಮೂರು: ಕಿರಾಣಾ ಘರಾಣೆ, ಅಬ್ದುಲ್ ಕರೀಂ ಖಾನರ ಶಿಷ್ಯ, ಗಂಗೂಬಾಯಿ ಹಾಗೂ ಭೀಮಸೇನರ ಗುರು. ಸುಳ್ಳೇನಲ್ಲ. ಆದರೆ ‘ಸವಾಯಿ ಗಂಧರ್ವ’ ಎಂಬ ಬಿರುದು ಬಂದದ್ದು ಬೈಠಕ್ಕಿನಲ್ಲಿ ಖಯಾಲ್ ಹಾಡಿದ್ದಕ್ಕಲ್ಲ, ಬಣ್ಣ ಹಚ್ಚಿ ಸೀರೆ ಉಟ್ಟು ‘ಸಂಗೀತ ಸೌಭದ್ರ’ದ ಸುಭದ್ರೆಯಾಗಿ ನಿಂತದ್ದಕ್ಕೆ. ಆ ಬಿರುದಿನ ಹಿಂದಿದ್ದ ನಟ ರಾಮಭಾವು ಕುಂದಗೋಳಕರರ ಲೆಕ್ಕವನ್ನು ನಾವು ತೆಗೆದೇ ಇಲ್ಲ.

1886ರಲ್ಲಿ ಅವರು ಹುಟ್ಟಿದಾಗ ಕುಂದಗೋಳ ಧಾರವಾಡ ಜಿಲ್ಲೆಯ ಆಡಳಿತಕ್ಕೆ ಸೇರಿರಲಿಲ್ಲ, ಜಮಖಂಡಿ ಸಂಸ್ಥಾನದ ತಾಲೂಕಾಗಿತ್ತು. ಆಳುತ್ತಿದ್ದವರು ಪಟವರ್ಧನರು. ಹೊಲದಲ್ಲಿ, ಸಂತೆಯಲ್ಲಿ ಕನ್ನಡ. ದೊರೆಮನೆಯ ನಂಟೆಲ್ಲ ಮರಾಠಿಯದು. ತಂದೆ ಗಣೇಶರಾಯರು ನಾಡಿಗೇರರಲ್ಲಿ ಕಾರಕೂನರಾಗಿದ್ದವರು. ಇಂಥ ಮನೆಯ ಹುಡುಗನಿಗೆ ಎರಡನೆಯ ಭಾಷೆ ಪುಸ್ತಕದಿಂದ ಬರಬೇಕಾಗಿರಲಿಲ್ಲ, ಪಡಸಾಲೆಯಲ್ಲೇ ಸಿಗುತ್ತಿತ್ತು. ಈ ಸಂಗತಿ ಗೊತ್ತಿಲ್ಲದವರು ಅವರ ಮುಂದಿನ ಹಾದಿಯನ್ನು ಕಂಡು ‘ಕನ್ನಡದ ಗಂಡಸು ಮರಾಠಿ ರಂಗಕ್ಕೆ ಯಾಕೆ ಹೋದ’ ಎಂದು ಮುನಿಯುತ್ತಾರೆ. ಮುನಿಸಿಗೆ ಕಾರಣವಿಲ್ಲ. ‘ಸೌಭದ್ರ’ ಬರೆದ ಅಣ್ಣಾಸಾಹೇಬ ಕಿರ್ಲೋಸ್ಕರರೇ ನಮ್ಮ ಗುರ್ಲಹೊಸೂರಿನಲ್ಲಿ ಹುಟ್ಟಿದವರು. 1880ರ ‘ಶಾಕುಂತಲ’ ಮತ್ತು 1882ರ ‘ಸೌಭದ್ರ’ದಿಂದ ಮರಾಠಿ ಸಂಗೀತ ನಾಟಕಕ್ಕೆ ಅವರು ಹಾಕಿಕೊಟ್ಟ ಹಾದಿಯಲ್ಲಿ ಈ ಕಡೆಯ ಮಂದಿ ಲಾಗಾಯ್ತಿನಿಂದ ನಡೆದಿದ್ದಾರೆ. ಅದೇ ಕಾಲಕ್ಕೆ ಗದಗಿನಲ್ಲಿ ಶಾಂತಕವಿಗಳು ಮರಾಠಿ ಕಂಪನಿಗಳಿಗೆ ಎದುರಾಗಿ ಕನ್ನಡ ನಾಟಕ ಕಟ್ಟಿದರು, ಅದೂ ನಿಜ. ಆದರೆ ಖಯಾಲ್ ಕಲಿತ ಗಂಟಲಿಗೆ ಪೂರ್ತಿ ಕೆಲಸ ಕೊಡುವ ರಂಗ ಆಗ ಮರಾಠಿಯದೇ.

ನಾಡಿಗೇರ ವಾಡೆಗೆ ಬಂದುಹೋಗುತ್ತಿದ್ದ ಅಬ್ದುಲ್ ಕರೀಂ ಖಾನರು ಹುಡುಗನನ್ನು ಶಿಷ್ಯನನ್ನಾಗಿ ಒಪ್ಪಿಕೊಂಡದ್ದು ಎಂಟು ವರ್ಷ ಬಿಟ್ಟು ಹೋಗಕೂಡದೆಂಬ ಕರಾರಿನ ಮೇಲೆ. ಕಲಿತಾದ ಮೇಲೆ ರಾಮಭಾವು ನಾಟ್ಯಕಲಾ ಪ್ರವರ್ತಕ ಮಂಡಳಿ ಸೇರಿದರು. ಗುರುವಿಗೆ ಅದು ರುಚಿಸಲಿಲ್ಲ. ನಾಟಕದ ಹಾಡು ಗವಾಯಿಯನ್ನು ಕೆಡಿಸುತ್ತದೆ ಎಂಬುದು ಆ ಕಾಲದ ಉಸ್ತಾದರ ಗಟ್ಟಿ ನಂಬಿಕೆ. ಮುಂದೆ ಖಾನರ ಮಗಳು ಹೀರಾಬಾಯಿ ಬಡೋದೆಕರರೇ ರಂಗದ ಮೇಲೆ ಬಂದು ಹೆಸರು ಮಾಡಿದರು! ಹೆಂಗಸರು ತಾವೇ ಹೆಂಗಸರ ಪಾತ್ರ ವಹಿಸತೊಡಗಿದ್ದರಿಂದ ರಾಮಭಾವು ಅವರಂಥ ಸ್ತ್ರೀಪಾರ್ಟಿನ ಗಂಡಸರ ಕಾಲ ಮುಗಿಯುತ್ತ ಬಂತು ಎಂಬುದು ಬೇರೆ ಮಾತು.

ಅವರ ದನಿ ಹುಟ್ಟಾ ಇಂಪಿನದಾಗಿರಲಿಲ್ಲ. ಹರೆಯಕ್ಕೆ ಬಂದಾಗ ಒಡೆದ ಕಂಠ ಜಡವಾಗಿ ಉಳಿಯಿತು. ಕಛೇರಿಯ ಮೊದಲ ಹೊತ್ತೆಲ್ಲ ಅದನ್ನು ಹದಕ್ಕೆ ತರುವುದರಲ್ಲೇ ಹೋಗುತ್ತಿತ್ತು, ಆಮೇಲೆ ಅರಳಿದರೆ ಮಾತ್ರ ಕೇಳಿದವರು ಏಳುತ್ತಿರಲಿಲ್ಲ. ಬೈಠಕ್ಕಿನಲ್ಲಿ ಶ್ರೋತೃಗಳು ಕಾದಾರು. ನಾಟಕದಲ್ಲಿ ಪರದೆ ಎದ್ದ ಕ್ಷಣಕ್ಕೇ ಸುಭದ್ರೆ ಸುಭದ್ರೆಯಾಗಿರಬೇಕು, ಮಾತು ಮರಾಠಿಯಲ್ಲಿ ತಡವರಿಸಕೂಡದು, ನಡಿಗೆ ಗಂಡಸಿನದಾಗಕೂಡದು, ಹಾಡಂತೂ ಕೈಕೊಡಲೇಕೂಡದು. ಎದುರಿಗಿದ್ದ ಮಾದರಿಯಾದರೂ ಯಾರದು? ಲೋಕಮಾನ್ಯ ತಿಲಕರಿಂದ ಬಿರುದು ಪಡೆದ ಬಾಲಗಂಧರ್ವರದು. ರೂಪ, ಕಂಠ ಎರಡೂ ದೇವರು ಕೊಟ್ಟ ಆ ಮನುಷ್ಯನ ಕಾಲದಲ್ಲೇ, ಒರಟು ದನಿಯ ಕನ್ನಡಿಗನೊಬ್ಬನನ್ನು ಅಮರಾವತಿಯಲ್ಲಿ ದಾದಾಸಾಹೇಬ ಖಾಪರ್ಡೆಯವರು ‘ಸವಾಯಿ ಗಂಧರ್ವ’ ಎಂದು ಕರೆದರು. ಹಾಡಿನ ಬಲವೊಂದರಿಂದಲೇ ಇದು ಆಗುವಂಥದ್ದಲ್ಲ ಎಂದು ನನ್ನ ನಂಬಿಕೆ.

ಟಾಕಿ ಬಂದ ಮೇಲೆ ಏನಾಯಿತು? 1931ರಲ್ಲಿ ‘ಆಲಂ ಆರಾ’, 1934ರಲ್ಲಿ ಕನ್ನಡದ ‘ಸತಿ ಸುಲೋಚನಾ’. ನಾಟಕ ಕಂಪನಿಗಳ ಥಿಯೇಟರುಗಳು ಒಂದೊಂದಾಗಿ ಸಿನಿಮಾ ಮನೆಗಳಾದವು. ಬಾಲಗಂಧರ್ವರು 1935ರಲ್ಲಿ ಪ್ರಭಾತದ ‘ಧರ್ಮಾತ್ಮಾ’ದಲ್ಲಿ ಸಂತ ಏಕನಾಥರಾಗಿ ಕಾಣಿಸಿಕೊಂಡರು. ಸವಾಯಿ ಗಂಧರ್ವರು ತೆರೆಯ ಕಡೆಗೆ ಹೋಗದೆ ಕುಂದಗೋಳಕ್ಕೆ ಬಂದು ಪಾಠಕ್ಕೆ ಕೂತರು. ಇದರಿಂದ ಸಂಗೀತಕ್ಕೆ ಆದ ಲಾಭ ಜಗತ್ತಿಗೇ ಗೊತ್ತು. ನಟನ ಪಾಲಿಗೆ ಮಾತ್ರ ಇದು ದೊಡ್ಡ ನಷ್ಟ: ಗ್ರಾಮೊಫೋನ್ ತಟ್ಟೆಗಳಲ್ಲಿ ಮೂರು ಮೂರು ನಿಮಿಷದ ಹಾಡು ಉಳಿದಿದೆ, ಸುಭದ್ರೆ ಹೇಗೆ ತಿರುಗಿ ನೋಡುತ್ತಿದ್ದಳೆಂಬುದು ಉಳಿದಿಲ್ಲ. ಅವರ ಶಿಷ್ಯರಲ್ಲೇ ಒಬ್ಬರಾದ ಮುಂಬಯಿಯ ಪಾರಸಿ ಫಿರೋಜ್ ದಸ್ತೂರ್ ಹುಡುಗನಾಗಿದ್ದಾಗಲೇ 1933ರ ‘ಲಾಲ್-ಎ-ಯಮನ್’ ಚಿತ್ರದಲ್ಲಿ ಹಾಡಿ ನಟಿಸಿದ್ದರು. ಆಮೇಲೆ ಸಿನಿಮಾ ಬಿಟ್ಟು ಪೂರ್ತಿ ಗಾಯನಕ್ಕೇ ಬಂದರು. ಗುರು-ಶಿಷ್ಯರಿಬ್ಬರೂ ಬಣ್ಣ ಅಳಿಸಿಯೇ ತಂಬೂರಿ ಹಿಡಿದವರು.

ಪಾಠದಲ್ಲಿ ಆ ನಟ ಇದ್ದನೇ? ಹುಬ್ಬಳ್ಳಿಯಿಂದ ರೈಲಿನಲ್ಲಿ ಬಂದು ಕಲಿತುಹೋಗುತ್ತಿದ್ದ ಗಂಗೂಬಾಯಿ, 1936ರ ಹೊತ್ತಿಗೆ ಬಂದು ಮನೆಯಲ್ಲೇ ಉಳಿದು ನೀರು ಹೊತ್ತ ಭೀಮಸೇನ, ಇದೇ ತಾಲೂಕಿನ ಯಲಿವಾಳದ ಬಸವರಾಜ ರಾಜಗುರು: ಮೂವರ ಗಾಯನವೂ ಬೇರೆ ಬೇರೆ. ಆದರೆ ಸಭೆಯನ್ನು ಹಿಡಿದು ನಿಲ್ಲಿಸುವ ವಿದ್ಯೆ ಮೂವರಿಗೂ ಇತ್ತು. ಎಲ್ಲಿ ತಡೆಯಬೇಕು, ಎಲ್ಲಿ ಬಿಡಬೇಕು ಎಂಬ ರಂಗದ ಲೆಕ್ಕ ಅದು. ಖಾನಸಾಹೇಬರ ಮೆಲುದನಿಯ ಕಿರಾಣೆಗೂ ಭೀಮಸೇನರ ಗುಡುಗಿಗೂ ನಡುವೆ ಸವಾಯಿ ಗಂಧರ್ವರ ನಾಟಕದ ವರ್ಷಗಳಿವೆ ಎಂದರೆ ಘರಾಣೆಯ ಪಂಡಿತರು ಒಪ್ಪಲಿಕ್ಕಿಲ್ಲ. ಒಪ್ಪದಿದ್ದರೆ ಬೇರೆ ಕಾರಣ ಹೇಳಲಿ.

ಕಂಪನಿ ನಾಟಕದ ಋಣ ಇವರೊಬ್ಬರದೇ ಅಲ್ಲ. ಧಾರವಾಡದ ಮಗ್ಗುಲಿನ ಮನಸೂರಿನ ಮಲ್ಲಿಕಾರ್ಜುನ ಹುಡುಗನಾಗಿದ್ದಾಗ ವಾಮನರಾವ್ ಮಾಸ್ತರರ ಕಂಪನಿಯಲ್ಲಿ ಬಣ್ಣ ಹಚ್ಚಿದವರೇ. ಎರಡು ಭಾಷೆಯ ನಟನೆಯೂ ಇಲ್ಲಿಗೆ ನಿಲ್ಲಲಿಲ್ಲ. ಧಾರವಾಡದಲ್ಲಿ ಬೆಳೆದ ಗಿರೀಶ ಕಾರ್ನಾಡರು 1970ರಲ್ಲಿ ‘ಸಂಸ್ಕಾರ’ದ ಪ್ರಾಣೇಶಾಚಾರ್ಯ, 1982ರಲ್ಲಿ ಮರಾಠಿಯ ‘ಉಂಬರಠಾ’ದ ನಾಯಕ. ಕಾರ್ನಾಡರನ್ನು ಎರಡೂ ಕಡೆಯವರು ತಮ್ಮವರೆಂದರು, ಎರಡೂ ಭಾಷೆಯ ಅವರ ನಟನೆಯನ್ನು ಇವತ್ತೂ ನೋಡಬಹುದು. ರಾಮಭಾವು ಅವರಿಗೆ ಆ ಭಾಗ್ಯವಿಲ್ಲ. ಕನ್ನಡ ರಂಗಭೂಮಿಯ ಚರಿತ್ರೆ ಅವರನ್ನು ಮರಾಠಿಯವರಿಗೆ ಬಿಟ್ಟುಕೊಟ್ಟಿತು. ಮರಾಠಿಯವರೋ 1953ರಿಂದ ಪುಣೆಯಲ್ಲಿ ಅವರ ಹೆಸರಿನ ದೊಡ್ಡ ಮಹೋತ್ಸವ ನಡೆಸುತ್ತ ಬಂದಿದ್ದಾರೆ, ಅದೂ ಸಂಗೀತದ್ದೇ.

1940ರ ದಶಕದ ಮೊದಲಲ್ಲೇ ಪಾರ್ಶ್ವವಾಯು ಬಡಿದು ಅವರ ಹಾಡು ನಿಂತಿತ್ತು. 1946ರಲ್ಲಿ ಪುಣೆಯಲ್ಲಿ ಗುರುವಿನ ಅರವತ್ತರ ಸಮಾರಂಭದಲ್ಲಿ ಹಾಡಿದ ಮೇಲೆ ಭೀಮಸೇನರ ಹೆಸರು ಎದ್ದುಬಂತು. ಸಂಗೀತದ ಸಾಲು ಮುಂದುವರಿಯಿತು, ನಾಟಕದ್ದು ಅವರೊಂದಿಗೇ ಕಡಿಯಿತು.

ಹೀಗಾಗಿ ಕುಂದಗೋಳದ ಸಂಘಟಕರಲ್ಲಿ ಒಂದು ಸೂಚನೆ. ಖಯಾಲಿನ ರಾತ್ರಿ ಇರಲಿ. ಅದರ ಹಿಂದಿನ ದಿನ ವಾಡೆಯ ಅಂಗಳದಲ್ಲಿ ‘ಸೌಭದ್ರ’ ಆಡಿಸಿ. ಒಂದು ವರ್ಷ ಮರಾಠಿಯಲ್ಲಿ, ಮರುವರ್ಷ ಕನ್ನಡದಲ್ಲಿ. ಸುಭದ್ರೆಯ ಪಾತ್ರಕ್ಕೆ ಒಬ್ಬ ಹುಡುಗನನ್ನೇ ಹುಡುಕಿ. ಸಂಶಿಯಲ್ಲೋ ಯಲಿವಾಳದಲ್ಲೋ ಸಿಕ್ಕಾನು.