ನೆಹರೂ ಸೋತ ಜಾಗದಲ್ಲಿ ನಮ್ಮ ಮನೆ

ನವೆಂಬರ್ ಬಂತೆಂದರೆ ಠಾಣೆಯಿಂದ ಕಲ್ಯಾಣದವರೆಗೆ ನಮ್ಮ ಸಂಘಗಳಿಗೆ ಪುರುಸೊತ್ತಿಲ್ಲ. ಒಂದನೇ ತಾರೀಖಿಗೆ ಸಭಾಗೃಹ ಸಿಗದವರು ಎರಡನೇ ಭಾನುವಾರ, ಅದೂ ಸಿಗದವರು ತಿಂಗಳ ಕೊನೆಗೆ ರಾಜ್ಯೋತ್ಸವ ಮುಗಿಸುತ್ತಾರೆ. ಭುವನೇಶ್ವರಿಯ ಪಟ, ಹಳದಿ-ಕೆಂಪು ಶಾಲು, ಆಲೂರು ವೆಂಕಟರಾಯರಿಗೂ ನಿಜಲಿಂಗಪ್ಪನವರಿಗೂ ಒಂದೊಂದು ನಮಸ್ಕಾರ, ಆಮೇಲೆ ಯಕ್ಷಗಾನ, ಊಟ. ಈ ಭಾಷಣಗಳಲ್ಲಿ ಒಬ್ಬರ ಹೆಸರು ಮಾತ್ರ ಬರುವುದಿಲ್ಲ. ಹರಿದು ಹಂಚಿಹೋಗಿದ್ದ ಕನ್ನಡ ನಾಡನ್ನು ಒಂದು ಮಾಡುವ ಕಾನೂನು ಬಂದದ್ದು ಅವರ ಸರ್ಕಾರದಲ್ಲೇ. ಅದಕ್ಕೂ ಮೊದಲು ವರ್ಷಗಟ್ಟಲೆ ಅಡ್ಡಗಾಲು ಹಾಕಿದವರೂ ಅವರೇ. ಜವಾಹರಲಾಲ್ ನೆಹರೂ ನಮ್ಮಲ್ಲಿಗೆ ಬರುವುದು ನವೆಂಬರ್ 14ರಂದು, ಛದ್ಮವೇಷ ಸ್ಪರ್ಧೆಯ ಮಕ್ಕಳ ಎದೆಗೆ ಗುಲಾಬಿ ಸಿಕ್ಕಿಸಲು. ವರ್ತಕ ನಗರದ ನಮ್ಮ ಸೊಸೈಟಿಯ ವಾಟ್ಸಾಪ್ ಗುಂಪಿಗೆ ವರ್ಷವಿಡೀ ಬರುವ ನೆಹರೂ ಬೇರೆಯೇ. ಆ ಫಾರ್ವರ್ಡುಗಳಿಗೆ ಇಲ್ಲಿ ಜಾಗ ಕೊಡುವುದು ದಂಡ.

ಅಣೆಕಟ್ಟು, ಕಾರ್ಖಾನೆ, ಐಐಟಿಗಳ ನೆಹರೂ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ. ನಮ್ಮಂಥ ಹೊರನಾಡ ಕನ್ನಡಿಗರು ಮಾತಾಡಬೇಕಾದದ್ದು ಅವರು ಸೋತ ಒಂದು ವಾದದ ಬಗ್ಗೆ, ಮತ್ತು ಸೋತ ಮೇಲೆ ಅವರು ನಡೆದುಕೊಂಡ ರೀತಿಯ ಬಗ್ಗೆ.

ನನ್ನ ತವರು ಧಾರವಾಡ. ಅಪ್ಪ ಹುಟ್ಟಿದ್ದು ಮುಂಬಯಿ ಪ್ರಾಂತದಲ್ಲಿ. ಗಂಡನ ಮನೆ ಉಡುಪಿ ಕಡೆ, ಅದು ಮದ್ರಾಸಿಗೆ ಸೇರಿತ್ತು. ಸೊಸೆ ಬೀದರಿನವಳು, ಅವಳ ಮುತ್ತಜ್ಜ ನಿಜಾಮನ ಪ್ರಜೆ. ನಮ್ಮ ಒಂದೇ ಅಡುಗೆಮನೆಯಲ್ಲಿ ಮೂರು ರಾಜ್ಯಗಳ ಕನ್ನಡವಿದೆ. ಸಾರಿಗೆ ಬೆಲ್ಲ ಎಷ್ಟು ಎಂಬ ಗಡಿವಿವಾದ ಇನ್ನೂ ಇತ್ಯರ್ಥವಾಗಿಲ್ಲ. ಇವರೆಲ್ಲ ಒಂದೇ ರಾಜ್ಯದವರಾದದ್ದು 1956ರ ನವೆಂಬರ್ 1ರಂದು. ಕಾಂಗ್ರೆಸ್ ಈ ಮಾತು ಕೊಟ್ಟದ್ದು ಅದಕ್ಕೂ ಬಹಳ ಹಿಂದೆ, 1920ರ ನಾಗಪುರ ಅಧಿವೇಶನದಲ್ಲಿ. ಭಾಷೆಗೊಂದು ಪ್ರಾಂತ ಸಮಿತಿ ಎಂದು ಅಲ್ಲಿ ತೀರ್ಮಾನವಾಗಿ ಕರ್ನಾಟಕಕ್ಕೂ ತನ್ನದೇ ಸಮಿತಿ ಸಿಕ್ಕಿತು. 1928ರಲ್ಲಿ ಮೋತಿಲಾಲ್ ನೆಹರೂ ಸಮಿತಿಯ ವರದಿಯೂ ಕರ್ನಾಟಕದ ಬೇಡಿಕೆಗೆ ಒಪ್ಪಿಗೆ ಕೊಟ್ಟಿತ್ತು. ಮಗ ಪ್ರಧಾನಿಯಾದ ಮೇಲೆ ಮಾತು ಬದಲಾಯಿತು. ಜವಾಹರಲಾಲ್, ವಲ್ಲಭಭಾಯಿ, ಪಟ್ಟಾಭಿ ಸೀತಾರಾಮಯ್ಯ ಮೂವರೂ ಕೂತ ಜೆವಿಪಿ ಸಮಿತಿ 1949ರ ಏಪ್ರಿಲಿನಲ್ಲಿ, ಭಾಷಾವಾರು ಪ್ರಾಂತಗಳಿಗೆ ಇದು ಕಾಲವಲ್ಲ ಎಂದುಬಿಟ್ಟಿತು. ಪೊಟ್ಟಿ ಶ್ರೀರಾಮುಲು ಉಪವಾಸದಲ್ಲಿ ಪ್ರಾಣಬಿಟ್ಟ ಮೇಲೆ ಆಂಧ್ರ ಸಿಕ್ಕಿತು. 1953ರಲ್ಲಿ ನಮ್ಮ ಕಡೆ ಅದರಗುಂಚಿಯ ಶಂಕರಗೌಡ ಪಾಟೀಲರು ಉಪವಾಸ ಕೂತರು, ಹುಬ್ಬಳ್ಳಿಯಲ್ಲಿ ಜನ ರೊಚ್ಚಿಗೆದ್ದರು. ಆ ವರ್ಷದ ಕೊನೆಗೆ ರಾಜ್ಯಗಳ ಮರುವಿಂಗಡಣೆಗೆಂದು ಫಜಲ್ ಅಲಿ ಆಯೋಗ ನೇಮಕವಾಯಿತು.

ಕೊಟ್ಟ ಮಾತಿಗೆ ತಪ್ಪಿದರೆಂದು ಅಪ್ಪ ಕೊನೆಯವರೆಗೂ ನೆಹರೂ ಮೇಲೆ ಸಿಟ್ಟಿಟ್ಟುಕೊಂಡಿದ್ದರು. ಆ ಸಿಟ್ಟು ನ್ಯಾಯದ್ದೇ. ಆದರೆ ಭಾಷೆಯ ಮೇಲೆ ರಾಜ್ಯ ಕಟ್ಟಲು ನೆಹರೂಗೆ ಹೆದರಿಕೆ ಎಲ್ಲಿಂದ ಬಂತೆಂದು ತಿಳಿಯಬೇಕಾದರೆ ನಮ್ಮ ಭಾಗದವರು ದಿಲ್ಲಿಗೆ ಹೋಗಬೇಕಾಗಿಲ್ಲ, ಕಲ್ಯಾಣ ಲೋಕಲ್ ಹತ್ತಿದರೆ ಸಾಕು. ಅಲ್ಲಿಂದ ಕೂಗಳತೆಯಲ್ಲಿ ಉಲ್ಹಾಸನಗರವಿದೆ. ಎರಡನೇ ಮಹಾಯುದ್ಧದ ಕಾಲಕ್ಕೆ ಸೈನಿಕರಿಗೆಂದು ಕಟ್ಟಿದ ಕಲ್ಯಾಣ್ ಕ್ಯಾಂಪಿನ ಬರಾಕುಗಳಿಗೆ ವಿಭಜನೆಯಾದ ಮೇಲೆ ಸಿಂಧಿನಿಂದ ಓಡಿಬಂದವರನ್ನು ತಂದಿಳಿಸಿದರು. 1949ರ ಆಗಸ್ಟಿನಲ್ಲಿ ರಾಜಾಜಿ ಅದಕ್ಕೆ ಉಲ್ಹಾಸನಗರವೆಂದು ಹೆಸರಿಟ್ಟರು. ಇವತ್ತಿಗೂ ಅಲ್ಲಿ ಕ್ಯಾಂಪ್ ಒಂದು, ಕ್ಯಾಂಪ್ ಎರಡು ಎಂದರೇನೇ ರಿಕ್ಷಾದವನಿಗೆ ವಿಳಾಸ ಗೊತ್ತಾಗುವುದು. ಮಗನ ಮದುವೆಯ ಜವಳಿಗೆ ಹೋದಾಗ ಒಬ್ಬ ಮುದುಕ ವ್ಯಾಪಾರಿ ಬಟ್ಟೆ ಅಳೆಯುತ್ತಲೇ, ತನ್ನ ತಾಯಿ ಬರಾಕಿನೊಳಗೆ ಗೋಣಿತಟ್ಟು ಕಟ್ಟಿ ಎರಡು ಸಂಸಾರಗಳ ನಡುವೆ ಗೋಡೆ ಮಾಡಿಕೊಂಡಿದ್ದಳು ಎಂದು ಹೇಳಿದ. ಭೂಪಟದ ಮೇಲೆ ಗೆರೆ ಎಳೆದರೆ ಏನಾಗುತ್ತದೆಂದು ಕಣ್ಣಾರೆ ಕಂಡವರು, ಧರ್ಮದ ಗೆರೆಯ ರಕ್ತ ಆರುವ ಮೊದಲೇ ಭಾಷೆಯ ಗೆರೆ ಎಳೆಯಲು ಕೈ ಹಿಂದೆಗೆದರು. ಅದು ತಪ್ಪು ಲೆಕ್ಕಾಚಾರ. ಭಾಷಾವಾರು ರಾಜ್ಯಗಳಾದ ಮೇಲೆ ದೇಶ ಒಡೆಯಲಿಲ್ಲ, ಇನ್ನಷ್ಟು ಗಟ್ಟಿಯಾಯಿತು. ಆದರೆ ಆ ಹೆದರಿಕೆ ಮಾತ್ರ ಸೋಗಿನದಲ್ಲ.

ನೆಹರೂ ನಿಜವಾಗಿ ಮುಗ್ಗರಿಸಿದ್ದು ಮುಂಬಯಿಯಲ್ಲಿ. 1956ರ ಜನವರಿಯಲ್ಲಿ, ಮುಂಬಯಿ ನಗರ ಕೇಂದ್ರದ ಆಡಳಿತಕ್ಕೆ ಒಳಪಡುತ್ತದೆಂದು ನೆಹರೂ ಆಕಾಶವಾಣಿಯಲ್ಲಿ ಸಾರಿದರು. ಊರಿಗೆ ಊರೇ ಬೀದಿಗಿಳಿಯಿತು. ಹಿಂದಿನ ವರ್ಷದ ನವೆಂಬರಿನಿಂದಲೇ ಗುಂಡು ಹಾರುತ್ತಿತ್ತು. ಮುಂಬಯಿಯೂ ಸೇರಿದ ಮರಾಠಿ ರಾಜ್ಯ ಬೇಕೆಂಬ ಸಂಯುಕ್ತ ಮಹಾರಾಷ್ಟ್ರ ಚಳವಳಿಯಲ್ಲಿ ಸತ್ತವರು ನೂರಕ್ಕೂ ಹೆಚ್ಚು ಮಂದಿ. ಮುಖ್ಯಮಂತ್ರಿ ಮೊರಾರ್ಜಿ ದೇಸಾಯಿ. ಗುಂಡಿನ ಲೆಕ್ಕವನ್ನು ಜನ ಅವರ ಹೆಸರಿಗೇ ಬರೆದರು, ನೆಹರೂ ಹೆಸರಿಗೆ ಅಷ್ಟಾಗಿ ಬರೆಯಲಿಲ್ಲ. ನಾನಾದರೆ ಇಬ್ಬರ ಹೆಸರಿಗೂ ಬರೆಯುತ್ತೇನೆ. ನಮ್ಮ ಮಾವನವರು ಆಗ ಫೋರ್ಟಿನ ಒಂದು ಹೋಟೆಲಿನಲ್ಲಿ ಟೇಬಲ್ ಒರೆಸುವ ಮಾಣಿ. ಶಟರ್ ಎಳೆದು ಒಳಗೆ ಅಕ್ಕಿಮೂಟೆಗಳ ನಡುವೆ ಮಲಗಿದ್ದು, ಯಜಮಾನರು ಗಂಜಿ ಮಾಡಿಸಿ ಬಡಿಸಿದ್ದು, ಹೊರಗಿನ ಕೂಗು ಯಾಕೆಂದು ಯಾರಿಗೂ ಸರಿಯಾಗಿ ಅರ್ಥವಾಗದಿದ್ದದ್ದು, ಇದನ್ನೆಲ್ಲ ಅವರು ನಗುನಗುತ್ತಲೇ ಹೇಳುತ್ತಿದ್ದರು. “ಅವರು ನಮ್ಮನ್ನು ಮದರಾಸಿ ಅಂತಿದ್ರು. ಸುಳ್ಳೇನಲ್ಲ ಮಾರಾಯ್ತಿ, ಆಗ ನಮ್ಮ ಜಿಲ್ಲೆ ಮದ್ರಾಸಿನದ್ದೇ ಅಲ್ವಾ?”

ಹಣಕಾಸು ಮಂತ್ರಿ ಸಿ.ಡಿ. ದೇಶಮುಖ್ ಮುಂಬಯಿ ವಿಷಯಕ್ಕೇ ರಾಜೀನಾಮೆ ಎಸೆದರು. 1957ರ ಚುನಾವಣೆಯಲ್ಲಿ ಮುಂಬಯಿಯಲ್ಲೂ ಪಶ್ಚಿಮ ಮಹಾರಾಷ್ಟ್ರದಲ್ಲೂ ಕಾಂಗ್ರೆಸ್ಸಿಗೆ ಮರ್ಮಕ್ಕೆ ತಗಲುವ ಏಟು ಬಿತ್ತು. ಅದೇ ವರ್ಷ ನವೆಂಬರ್ 30ರಂದು ನೆಹರೂ ಪ್ರತಾಪಗಡಕ್ಕೆ ಶಿವಾಜಿ ಮಹಾರಾಜರ ಪ್ರತಿಮೆ ಅನಾವರಣಕ್ಕೆ ಬಂದರು. ದಾರಿಯುದ್ದಕ್ಕೂ ಕಪ್ಪು ಬಾವುಟ. ಆಚಾರ್ಯ ಅತ್ರೆ ತಮ್ಮ ‘ಮರಾಠಾ’ ಪತ್ರಿಕೆಯಲ್ಲಿ ದಿನಾ ಬೆಳಗಾದರೆ ನೆಹರೂರನ್ನು ಹುರಿದು ಮುಕ್ಕುತ್ತಿದ್ದರು. ಆ ಪತ್ರಿಕೆಗೆ ಯಾರೂ ಬೀಗ ಹಾಕಲಿಲ್ಲ. ಕೊನೆಗೆ 1960ರ ಮೇ 1ಕ್ಕೆ ಮುಂಬಯಿಯನ್ನು ರಾಜಧಾನಿ ಮಾಡಿಕೊಂಡು ಮಹಾರಾಷ್ಟ್ರ ಹುಟ್ಟಿತು. ಬೇಡವೆಂದು ಹಟ ಹಿಡಿದಿದ್ದ ನೆಹರೂ ರಾಜಭವನದ ಸಮಾರಂಭಕ್ಕೆ ತಾವೇ ಬಂದು ಹೊಸ ರಾಜ್ಯಕ್ಕೆ ಶುಭ ಕೋರಿದರು. 1964ರ ಮೇ 27ರಂದು ಅವರು ತೀರಿಕೊಂಡಾಗ, ಅದೇ ಅತ್ರೆ ದಿನಗಟ್ಟಲೆ ಬರೆದ ಲೇಖನಗಳು ‘ಸೂರ್ಯಾಸ್ತ’ ಎಂಬ ಪುಸ್ತಕವಾದವು. ನಮ್ಮ ಮಹಡಿಯ ಮರಾಠಿ ಮೇಷ್ಟರ ಕಪಾಟಿನಲ್ಲಿ ಅದರ ಹಳೆಯ ಪ್ರತಿಯಿದೆ. ಅವರ ತಂದೆ ಕಪ್ಪು ಬಾವುಟ ಹಿಡಿದು ಹೋದವರಂತೆ. ಪುಸ್ತಕ ಕೊಂಡವರೂ ಅವರೇ.

ಅದೇ ಕಾಲದಲ್ಲಿ ಬೇರೆ ಹೊಸ ದೇಶಗಳ ಮೊದಲ ನಾಯಕರು ಏನು ಮಾಡುತ್ತಿದ್ದರು ನೋಡಿ. ಘಾನಾಕ್ಕೆ 1957ರಲ್ಲಿ ಸ್ವಾತಂತ್ರ್ಯ ತಂದುಕೊಟ್ಟ ಎನ್‌ಕ್ರುಮಾ ಮರುವರ್ಷವೇ ವಿಚಾರಣೆಯಿಲ್ಲದೆ ಜೈಲಿಗೆ ತಳ್ಳುವ ಕಾಯಿದೆ ತಂದರು, 1964ಕ್ಕೆ ದೇಶದಲ್ಲಿ ಒಂದೇ ಪಕ್ಷ ಉಳಿಸಿದರು, 1966ರಲ್ಲಿ ಸೈನ್ಯ ಅವರನ್ನೇ ಕಿತ್ತೊಗೆಯಿತು. ಇಂಡೊನೇಷ್ಯಾದ ಸುಕಾರ್ನೊ 1963ರಲ್ಲಿ ಆಜೀವ ಅಧ್ಯಕ್ಷರಾದರು. ಅವರಿಬ್ಬರಿಗೂ ಜನಪ್ರೀತಿ ಕಡಿಮೆಯೇನಿರಲಿಲ್ಲ. ನೆಹರೂಗೂ ಆ ಆಸೆ ಬರಬಹುದೆಂದು ಮೊದಲು ಎಚ್ಚರಿಸಿದವರು ಸ್ವತಃ ನೆಹರೂ: 1937ರಲ್ಲಿ ಕಲ್ಕತ್ತೆಯ ‘ಮಾಡರ್ನ್ ರಿವ್ಯೂ’ನಲ್ಲಿ ಚಾಣಕ್ಯನೆಂಬ ಸುಳ್ಳು ಹೆಸರಿನಲ್ಲಿ, ಈ ಮನುಷ್ಯ ಸರ್ವಾಧಿಕಾರಿಯಾಗಬಲ್ಲ ಎಂದು ತಮ್ಮ ಮೇಲೆ ತಾವೇ ಬರೆದುಕೊಂಡಿದ್ದರು. ಹಾಗೆಂದು ಹಾಲಿನಲ್ಲಿ ತೊಳೆದವರೇನಲ್ಲ. 1951ರಲ್ಲಿ ಮೊದಲ ತಿದ್ದುಪಡಿ ತಂದು ವಾಕ್‌ಸ್ವಾತಂತ್ರ್ಯಕ್ಕೆ ಕತ್ತರಿಯಿಟ್ಟರು. ಶೇಖ್ ಅಬ್ದುಲ್ಲಾರನ್ನು 1953ರಲ್ಲಿ ಬಂಧಿಸಿದ್ದು, 1959ರಲ್ಲಿ ಕೇರಳದ ಚುನಾಯಿತ ಸರ್ಕಾರವನ್ನು ವಜಾ ಮಾಡಿದ್ದು ಅವರ ಕಾಲದಲ್ಲೇ. ಚೀನಾ ವಿಷಯ ಎಲ್ಲರಿಗೂ ಬಾಯಿಪಾಠ. ಇದೆಲ್ಲ ಇದ್ದೂ, ಮುಂಬಯಿಯಲ್ಲಿ ಜನ ಒಲ್ಲೆ ಎಂದಾಗ ಅವರು ನಾಲ್ಕು ವರ್ಷ ತಡವಾಗಿಯಾದರೂ ಮಣಿದರು.

ನಮ್ಮ ಪಾಲಿನ ಕತೆ ಶುರುವಾಗುವುದು ಇಲ್ಲಿಂದಲೇ. ಭಾಷೆಯ ಮೇಲೆ ರಾಜ್ಯ ಕಟ್ಟಿದರೆ ಆಚೆ ಉಳಿದವರ ಗತಿಯೇನು ಎಂಬುದೂ ನೆಹರೂ ಹೆದರಿಕೆಯ ಒಂದು ಭಾಗ. ಆಚೆ ಉಳಿದವರೆಂದರೆ ಬೆಳಗಾವಿಯ ಮರಾಠಿಗರು, ಕಾಸರಗೋಡಿನ ಕನ್ನಡಿಗರು, ಠಾಣೆ-ಡೊಂಬಿವಿಲಿಯ ನಾವು. 1956ರಲ್ಲಿ ರಾಜ್ಯಗಳನ್ನು ಹೊಸದಾಗಿ ವಿಂಗಡಿಸುವಾಗ ಸಂವಿಧಾನಕ್ಕೆ ಏಳನೇ ತಿದ್ದುಪಡಿ ಬಂತು. ಅದರಲ್ಲಿ 350ಎ ಎಂಬ ವಿಧಿ ಸೇರಿತು: ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯಲ್ಲಿ ಕಲಿಯುವ ಅನುಕೂಲ ಮಾಡಿಕೊಡಲು ಪ್ರತಿ ರಾಜ್ಯವೂ, ಪ್ರತಿ ಸ್ಥಳೀಯ ಸಂಸ್ಥೆಯೂ ಪ್ರಯತ್ನಿಸಬೇಕು. ವಾದದಲ್ಲಿ ಸೋತವರು ಎದ್ದು ಹೋಗುವ ಮುಂಚೆ ನಮ್ಮ ಹೆಸರಿಗೆ ಒಂದು ಚೀಟಿ ಬರೆದಿಟ್ಟ ಹಾಗೆ.

ನಾನು ಕೆಲಸದಿಂದ ನಿವೃತ್ತಿಯಾದದ್ದು ಮುಂಬಯಿ ಮಹಾನಗರ ಪಾಲಿಕೆಯ ಕನ್ನಡ ಶಾಲೆಯಿಂದ. ಪಾಲಿಕೆಯ ಕನ್ನಡ ಶಾಲೆಗಳು ಈ ವಿಧಿಗಿಂತ ಹಳೆಯವು, ಆದರೆ ಅವಕ್ಕೆ ಆಸರೆ ಈ ವಿಧಿಯದ್ದೇ. ಪುಣೆಯ ಬಾಲಭಾರತಿ ಇವತ್ತಿಗೂ ಎಂಟು ಭಾಷೆಗಳಲ್ಲಿ ಪಠ್ಯಪುಸ್ತಕ ಅಚ್ಚು ಹಾಕುತ್ತದೆ. ಅದರಲ್ಲಿ ಕನ್ನಡವೂ ಇದೆ, ದೇಶದಲ್ಲಿ ರಾಜ್ಯವೇ ಇಲ್ಲದ ಸಿಂಧಿಯೂ ಇದೆ. ನಾಲ್ಕನೇ ತರಗತಿಗೆ ಶಿವಾಜಿ ಮಹಾರಾಜರ ಚರಿತ್ರೆ ಪಾಠ. ನನ್ನ ತರಗತಿಯ ಮಕ್ಕಳಲ್ಲಿ ಅರ್ಧಕ್ಕರ್ಧ ಯಾದಗಿರಿ, ಕಲಬುರಗಿ ಕಡೆಯವರು. ಅಪ್ಪ-ಅಮ್ಮ ಬೆಳಿಗ್ಗೆ ನಾಕಾದಲ್ಲಿ ನಿಂತು ಗಾರೆ ಕೆಲಸಕ್ಕೆ ಹೋಗುವವರು. ಒಬ್ಬ ಹುಡುಗ ತೋರಣಗಡದ ಪಾಠದ ನಡುವೆ ಎದ್ದು ನಿಂತ. “ಟೀಚರ್, ಮಹಾರಾಜ್ರು ಕನ್ನಡ ಮಾತಾಡ್ತಿದ್ರೇನ್ರೀ?” ಅವರ ತಂದೆ ಶಹಾಜಿ ಬೆಂಗಳೂರಲ್ಲೇ ಇದ್ದವರು ಕಣೋ ಎಂದೆ. ಅವನಿಗೆ ಎಷ್ಟು ಹಿಗ್ಗಾಯಿತೆಂದರೆ, ಮಧ್ಯಾಹ್ನದ ಖಿಚಡಿ ಹೊತ್ತಿಗೆ ಶಾಲೆಯ ಮರಾಠಿ ವಿಭಾಗಕ್ಕೆಲ್ಲ ಸುದ್ದಿ ಮುಟ್ಟಿಸಿಬಂದಿದ್ದ. ಅಲ್ಲಿಯ ಹುಡುಗರು ನಂಬಲಿಲ್ಲ. ಅವರ ಟೀಚರ್ ಬಂದು ನನ್ನನ್ನು ಕೇಳಿ ಖಾತ್ರಿ ಮಾಡಿಕೊಂಡು ಹೋದರು.

ಆದರೆ 350ಎಗೆ ಹಲ್ಲಿಲ್ಲ. ‘ಪ್ರಯತ್ನಿಸಬೇಕು’ ಎಂದಷ್ಟೇ ಇರುವಲ್ಲಿ ಪ್ರಯತ್ನಿಸದವರನ್ನು ಕೇಳುವವರಿಲ್ಲ. ಕನ್ನಡದ ಟೀಚರ್ ನಿವೃತ್ತರಾದರೆ ಆ ಜಾಗ ತುಂಬುವುದಿಲ್ಲ. ಟೀಚರ್ ಇಲ್ಲವೆಂದು ಮಕ್ಕಳು ಬಿಡುತ್ತಾರೆ. ಮಕ್ಕಳಿಲ್ಲವೆಂದು ತರಗತಿ ಮುಚ್ಚುತ್ತದೆ. ನೆಹರೂ ಲೆಕ್ಕದಲ್ಲಿ ನನಗೆ ಅತಿ ದೊಡ್ಡದಾಗಿ ಕಾಣುವ ಬಾಕಿಯೂ ಇಲ್ಲೇ ಇದೆ. ಸಂವಿಧಾನದ 45ನೇ ವಿಧಿ ಹದಿನಾಲ್ಕು ವರ್ಷದೊಳಗಿನ ಎಲ್ಲ ಮಕ್ಕಳಿಗೂ ಉಚಿತ, ಕಡ್ಡಾಯ ಶಿಕ್ಷಣ ಕೊಡಲು ಹತ್ತು ವರ್ಷದ ಗಡುವು ಕೊಟ್ಟಿತ್ತು. 1960 ಬಂತು, ಹೋಯಿತು. ಪವಾಯಿಯಲ್ಲಿ 1959ರ ಮಾರ್ಚಿನಲ್ಲಿ ಐಐಟಿಗೆ ಅಡಿಗಲ್ಲು ಬಿತ್ತು, ಟ್ರಾಂಬೆ ಕಡಲಂಚಿನಲ್ಲಿ ಅಪ್ಸರಾ ರಿಯಾಕ್ಟರ್ ಅದಕ್ಕೂ ಮೊದಲೇ, 1956ರಲ್ಲಿ ಹೊತ್ತಿಕೊಂಡಿತು. ಅದೇ ಮುಂಬಯಿಯಲ್ಲಿ ಹತ್ತು ವರ್ಷದ ಹುಡುಗರು ಲೋಟ ತೊಳೆಯುತ್ತಿದ್ದರು, ನಮ್ಮ ಮಾವನವರಂತೆ. ಅವರಿಗೆ ಅಕ್ಷರ ಕಲಿಸಿದ್ದು ಮುಂಬಯಿ ಕನ್ನಡಿಗರೇ ಕಟ್ಟಿದ ರಾತ್ರಿಶಾಲೆಗಳು. ರಾತ್ರಿ ಗಿರಾಕಿಗಳು ಕರಗಿದ ಮೇಲೆ ಕೈ ಒರೆಸಿಕೊಂಡು ಹೋಗಿ ಕೂತು ಮಾವನವರು ಮೆಟ್ರಿಕ್ ಮುಗಿಸಿದರು. ದೇಶಕ್ಕೆ ಪರಮಾಣು ವಿಜ್ಞಾನಿಗಳು ಬೇಕೇಬೇಕಿತ್ತು, ಸರಿ. ಒಂದನೇ ತರಗತಿಯೂ ಬೇಕಿತ್ತು.

ಆ ಏಳನೇ ತಿದ್ದುಪಡಿಯಲ್ಲೇ 350ಬಿ ಎಂಬ ಇನ್ನೊಂದು ವಿಧಿಯಿದೆ; ಅದು ನಮ್ಮಲ್ಲಿ ಇನ್ನೂ ಕಡಿಮೆ ಜನಕ್ಕೆ ಗೊತ್ತು. ಭಾಷಾ ಅಲ್ಪಸಂಖ್ಯಾತರ ಅಹವಾಲು ಕೇಳಿ ರಾಷ್ಟ್ರಪತಿಗೆ ವರದಿ ಕೊಡಲು ಒಬ್ಬ ಅಧಿಕಾರಿ ಇರಬೇಕೆನ್ನುತ್ತದೆ ಅದು. 1957ರಲ್ಲಿ ಶುರುವಾದ ಆ ಕಚೇರಿ ಬಹುಕಾಲ ನೆಹರೂ ಊರಾದ ಅಲಹಾಬಾದಿನಲ್ಲೇ ಇತ್ತು. ಅದಕ್ಕೆ ಬೆಳಗಾವಿಯಲ್ಲೂ ಒಂದು ಪ್ರಾದೇಶಿಕ ಕಚೇರಿ ಇಟ್ಟರು. ಐವತ್ತಕ್ಕೂ ಹೆಚ್ಚು ವರದಿಗಳು ಬಂದಿವೆ. ಬೆಳಗಾವಿಯ ಹೆಸರೆತ್ತಿದರೆ ಎರಡೂ ಕಡೆ ಬಸ್ಸಿಗೆ ಮಸಿ ಬಳಿಯಲು ಜನ ಸಿಗುತ್ತಾರೆ. ಮಹಾರಾಷ್ಟ್ರ 2004ರಲ್ಲಿ ಸುಪ್ರೀಂ ಕೋರ್ಟಿಗೆ ಹಾಕಿದ ದಾವೆ ಇನ್ನೂ ನಡೆಯುತ್ತಲೇ ಇದೆ. ಆ ಕಚೇರಿಯ ದಾರಿ ಹಿಡಿಯುವವರು ಮಾತ್ರ ಕಡಿಮೆ. ಎಷ್ಟು ಮಕ್ಕಳಿದ್ದಾರೆ, ಯಾವ ವರ್ಷದಿಂದ ಟೀಚರ್ ಇಲ್ಲ, ಯಾವ ತರಗತಿ ಮುಚ್ಚಿತು ಎಂದು ಶಾಲೆವಾರು ಬರೆದು ಕಳಿಸಿದರೆ ಅದನ್ನು ವಿಚಾರಿಸಿ ವರದಿ ಮಾಡುವುದು ಆ ಅಧಿಕಾರಿಯ ಕೆಲಸ. ನಮ್ಮ ಸಮಿತಿಯ ಸಭೆಯಲ್ಲಿ ಈ ಮಾತೆತ್ತಿದೆ. “ಟೀಚರ್ರೇ, ಮೊದಲು ಕೇಟರಿಂಗಿನವರ ಬಿಲ್ಲು ಮುಗಿಸುವ” ಎಂದರು ಖಜಾಂಚಿ. ಅದು ಮುಗಿಯಿತು. ಅರ್ಜಿಯ ಕರಡು ಕನ್ನಡದಲ್ಲೂ ಮರಾಠಿಯಲ್ಲೂ ಬರೆದಿಟ್ಟಿದ್ದೇನೆ, ಮರಾಠಿಯದನ್ನು ಮಹಡಿಯ ಮೇಷ್ಟರು ತಿದ್ದಿಕೊಟ್ಟಿದ್ದಾರೆ. ಸಹಿ ಹಾಕುವವರು ಬೇಕು.