ಲೆಕ್ಕ ಪಕ್ಕಾ: ಸರಾಸರಿ ಸಾಲಗಾರರು

ಟ್ಯಾಕ್ಸ್ ರಿಟರ್ನ್ ಸೀಸನ್ ಮತ್ತೆ ಬಂತು. ಮೊನ್ನೆ ಬೀರು ಕ್ಲೀನ್ ಮಾಡ್ತಿದ್ದ ನನ್ನ ಹೆಂಡತಿ ಒಂದು ಬಿಸ್ಕತ್ತಿನ ಡಬ್ಬ ಹಿಡ್ಕೊಂಡು ಬಂದಳು. "ರೀ, ಹಳೇ ಪೇ ಸ್ಲಿಪ್ ಎಲ್ಲಾ ಯಾಕೆ ಇಟ್ಕೊಂಡಿದ್ದೀರಿ? ಬಿಸಾಕ್ಲಾ?" ನಾನು ಡಬ್ಬ ಕಿತ್ಕೊಂಡೆ. ಯಾಕೆ ಅಂತ ಹೇಳ್ತೀನಿ.

2016ರಲ್ಲಿ ಇಲ್ಲಿನ ಸರ್ಕಾರ, ಸೆಂಟರ್‌ಲಿಂಕ್ ಹಣ ಪಡೆದವರ ಲೆಕ್ಕ ನೋಡೋ ಕೆಲಸವನ್ನ ಕಂಪ್ಯೂಟರಿಗೆ ಒಪ್ಪಿಸಿತು. ಜನ ಅದಕ್ಕೆ ರೋಬೋಡೆಟ್ ಅಂತ ಹೆಸರಿಟ್ಟರು. ಟ್ಯಾಕ್ಸ್ ಆಫೀಸಿನಿಂದ ನಿಮ್ಮ ವರ್ಷದ ಆದಾಯ ತಗೊಳ್ಳೋದು, 26 ಫೋರ್ಟ್‌ನೈಟ್‌ಗೆ ಸಮನಾಗಿ ಹಂಚೋದು. ಅಷ್ಟೇ.

ಒಬ್ಬ ಹುಡುಗ 13 ಫೋರ್ಟ್‌ನೈಟ್ ಕೆಲಸ ಮಾಡಿ ತಲಾ 1,600 ಡಾಲರ್ ದುಡಿದ ಅನ್ಕೊಳ್ಳಿ. ಒಟ್ಟು 20,800. ಆಮೇಲೆ ಕೆಲಸ ಹೋಯ್ತು, ಭತ್ಯೆ ತಗೊಂಡ, ಆದಾಯ ಸೊನ್ನೆ ಅಂತ ನಿಜಾನೇ ಬರೆದ. ಕಂಪ್ಯೂಟರ್ ಹೇಳಿತು: "ಸುಳ್ಳು! ನೀನು ಪ್ರತಿ ಫೋರ್ಟ್‌ನೈಟೂ 800 ದುಡಿದಿದ್ದೀಯ. ಭತ್ಯೆ ವಾಪಸ್ ಕಟ್ಟು." ಆಗುಂಬೆಯ ಮಳೆಯನ್ನ 12ರಿಂದ ಭಾಗಿಸಿ, ಏಪ್ರಿಲ್‌ನಲ್ಲಿ ಕೊಡೆ ಯಾಕೆ ಹಿಡೀಲಿಲ್ಲ ಅಂತ ದಂಡ ಹಾಕಿದ ಹಾಗೆ! ಬಿಕಾಂ ಮೊದಲನೇ ವರ್ಷದಲ್ಲಿ ನಾನು ಹೀಗೆ ಬರೆದಿದ್ರೆ ನಮ್ಮ ಮೇಷ್ಟ್ರು ಉತ್ತರ ಪತ್ರಿಕೆ ಮುಖಕ್ಕೆ ಎಸೀತಿದ್ರು.

ಸಾಲ ಇಲ್ಲ ಅಂತ ತೋರಿಸೋ ಹೊಣೆಯೂ ನಿಮ್ಮದೇ. ವರ್ಷಗಳ ಹಿಂದಿನ ಪೇ ಸ್ಲಿಪ್ ತನ್ನಿ. ಕೆಫೆ ಮುಚ್ಚಿ ಹೋಗಿದ್ರೆ? ಅದು ನಿಮ್ಮ ಹಣೆಬರಹ.

ನಗ್ತಾ ಬರೀತಿದ್ದೀನಿ, ಆದರೆ ಪತ್ರ ಬಂದ ಮೇಲೆ ಜೀವ ಕಳ್ಕೊಂಡ ಹುಡುಗರ ತಾಯಂದಿರು ರಾಯಲ್ ಕಮಿಷನ್ ಮುಂದೆ ಕೂತು ಹೇಳಿದ್ದನ್ನ ಓದಿದಾಗ ನನಗೆ ಊಟ ಸೇರಲಿಲ್ಲ.

2019ರ ನವೆಂಬರ್‌ನಲ್ಲಿ, ಮೆಲ್ಬರ್ನಿನ ಒಬ್ಬ ಮಹಿಳೆ ಹಾಕಿದ ಕೇಸಿನಲ್ಲಿ, ಈ ಲೆಕ್ಕಕ್ಕೆ ಕಾನೂನಿನ ಆಧಾರ ಇಲ್ಲ ಅಂತ ಸರ್ಕಾರವೇ ಫೆಡರಲ್ ಕೋರ್ಟಿನಲ್ಲಿ ಒಪ್ಪಿಕೊಂಡಿತು. 2020ರ ಮೇ ತಿಂಗಳಲ್ಲಿ, ಸುಮಾರು 4,70,000 ಸಾಲಗಳ 72.1 ಕೋಟಿ ಡಾಲರ್ ವಾಪಸ್ ಕೊಡ್ತೀವಿ ಅಂತ ಘೋಷಿಸಿತು. ಕ್ಯಾಥರೀನ್ ಹೋಮ್ಸ್ ಅವರ ಕಮಿಷನ್ ವರದಿ ಬಂದಿದ್ದು 2023ರ ಜುಲೈನಲ್ಲಿ.

ಈಗ ಕೆಲಸದ ಮಾತು. ಸಂಬಳ ಕೊಟ್ಟ ಒಂದು ಕೆಲಸದ ದಿನದೊಳಗೆ ಪೇ ಸ್ಲಿಪ್ ಕೊಡಲೇಬೇಕು ಅನ್ನೋದು ಕಾನೂನು. ಓನರ್ 7 ವರ್ಷ ದಾಖಲೆ ಇಟ್ಟಿರಬೇಕು. ಕಳ್ಕೊಂಡಿದ್ರೆ ಇಮೇಲ್‌ನಲ್ಲಿ ಕೇಳಿ, ಬರೀ ಬಾಯಲ್ಲಿ ಬೇಡ. "ಕ್ಯಾಶ್ ಕೊಟ್ಟಿದ್ದೀನಲ್ಲಪ್ಪ, ಸ್ಲಿಪ್ ಯಾಕೆ?" ಅನ್ನೋ ಪುಣ್ಯಾತ್ಮರ ಹತ್ರಾನೂ ಕೇಳಿ. ಫೋನಿನಲ್ಲಿ ಫೋಟೋ ಹೊಡೆದು ಇಟ್ಕೊಳ್ಳಿ.

ಡಬ್ಬ ಮತ್ತೆ ಬೀರು ಸೇರಿದೆ. ಚಕ್ಕುಲಿಗೆ ಬೇರೆ ಡಬ್ಬ ತಂದುಕೊಡೋದು ಅಂತ ರಾಜಿ ಆಗಿದೆ.