ಆದೇಶಕ್ಕೆ ಮೊದಲೇ ಬಾಗಿದ ಸಂಸ್ಥೆ

ಜರ್ಮನ್ ಚಲನಚಿತ್ರದ ಪತನವನ್ನು ನಮ್ಮ ಚಿತ್ರಸಮಾಜಗಳಲ್ಲಿ ವಿವರಿಸುವ ರೀತಿ ಬಹು ಸರಳವಾದುದು: ಹಿಟ್ಲರ್ ಬಂದ, ಗೊಬೆಲ್ಸ್ ಆಜ್ಞಾಪಿಸಿದ, ಪ್ರತಿಭಾವಂತರು ದೇಶ ತೊರೆದರು. ಈ ಕಥನದಲ್ಲಿ ಖಳರು ಇಬ್ಬರೇ, ಮಿಕ್ಕವರೆಲ್ಲರೂ ಅಸಹಾಯಕರು. ನಿರ್ಮಾಪಕ ಎರಿಕ್ ಪೊಮ್ಮರ್ ಅವರ ವೃತ್ತಿಜೀವನವನ್ನು ತಾರೀಖುಗಳೊಡನೆ ಓದಿದವರು ಈ ಸುಲಭ ಸಮಾಧಾನವನ್ನು ಒಪ್ಪಲಾರರು.

1889ರಲ್ಲಿ ಹಿಲ್ಡೆಸ್‌ಹೈಮ್‌ನ ಯಹೂದಿ ಕುಟುಂಬವೊಂದರಲ್ಲಿ ಜನಿಸಿದ ಪೊಮ್ಮರ್, ಮೊದಲ ಮಹಾಯುದ್ಧದಲ್ಲಿ ಜರ್ಮನ್ ಸೈನಿಕರಾಗಿದ್ದವರು. 1915ರಲ್ಲಿ ಅವರು ಸ್ಥಾಪಿಸಿದ ಡೆಕ್ಲಾ ಸಂಸ್ಥೆಯಿಂದಲೇ 1920ರ 'ಡಾಕ್ಟರ್ ಕ್ಯಾಲಿಗರಿ' ಹೊರಬಂದಿತು. ಡೆಕ್ಲಾ ಯೂಫಾದಲ್ಲಿ ವಿಲೀನವಾದ ಮೇಲೆ ಫ್ರಿಟ್ಜ್ ಲಾಂಗ್ ಅವರ 'ನಿಬೆಲುಂಗೆನ್', ಮುರ್ನೌ ಅವರ 'ದಿ ಲಾಸ್ಟ್ ಲಾಫ್' (ಎರಡೂ 1924) ಪೊಮ್ಮರ್ ಅವರ ನಿರ್ಮಾಣದಲ್ಲಿ ರೂಪುಗೊಂಡವು. 'ಮೆಟ್ರೊಪೊಲಿಸ್'ನ ವೆಚ್ಚ ಅಂದಾಜನ್ನು ಮೀರಿ ಬೆಳೆಯಿತು. 1926ರಲ್ಲಿ ಪೊಮ್ಮರ್ ಯೂಫಾ ಬಿಟ್ಟು ಹಾಲಿವುಡ್‌ಗೆ ತೆರಳಿದರು. ಮರುವರ್ಷವೇ ಯೂಫಾ ಅವರನ್ನು ಮರಳಿ ಬರಮಾಡಿಕೊಂಡಿತು. 1930ರ 'ದಿ ಬ್ಲೂ ಏಂಜೆಲ್' ಆ ಎರಡನೆಯ ಅವಧಿಯ ಫಲ. ಪೊಮ್ಮರ್ ಅವರ ಬೆಲೆ ಯೂಫಾಕ್ಕೆ ತಿಳಿದಿರಲಿಲ್ಲವೆಂದು ಯಾರೂ ವಾದಿಸುವಂತಿಲ್ಲ.

ಈಗ ತಾರೀಖುಗಳನ್ನು ಗಮನಿಸೋಣ. 1933ರ ಮಾರ್ಚ್ 28ರಂದು ಬರ್ಲಿನ್ನಿನ ಕೈಸರ್‌ಹೋಫ್ ಹೋಟೆಲಿನಲ್ಲಿ ಗೊಬೆಲ್ಸ್ ಚಿತ್ರೋದ್ಯಮದವರನ್ನು ಉದ್ದೇಶಿಸಿ ಭಾಷಣ ಮಾಡಿದ. ಮಾದರಿಯೆಂದು ಅವನು ಹೊಗಳಿದ ಚಿತ್ರಗಳಲ್ಲಿ 'ನಿಬೆಲುಂಗೆನ್' ಒಂದು. ಮರುದಿನ, ಮಾರ್ಚ್ 29ರಂದು, ಯೂಫಾದ ಆಡಳಿತ ಮಂಡಳಿ ಸಭೆ ಸೇರಿ ಯಹೂದಿ ಉದ್ಯೋಗಿಗಳ ಕರಾರುಗಳನ್ನು ರದ್ದುಪಡಿಸಲು ನಿರ್ಣಯಿಸಿತು. 'ನಿಬೆಲುಂಗೆನ್' ನಿರ್ಮಿಸಿದ ಪೊಮ್ಮರ್ ಅವರ ಹೆಸರೂ ಆ ನಿರ್ಣಯದಲ್ಲಿತ್ತು. ಯಹೂದಿಗಳನ್ನು ಸರ್ಕಾರಿ ನೌಕರಿಯಿಂದ ತೆಗೆಯುವ ಕಾನೂನು ಹೊರಟದ್ದು ಏಪ್ರಿಲ್ 7ರಂದು. ಯೂಫಾ ಸರ್ಕಾರಿ ಕಚೇರಿಯಲ್ಲ, ಖಾಸಗಿ ಕಂಪನಿ.

ಮೂರು ದಶಕಗಳ ಕಾಲ ಕಡತಗಳ ನಡುವೆ ಬದುಕಿದ ನನಗೆ ಈ ಒಂಬತ್ತು ದಿನಗಳ ಅಂತರ ಸಣ್ಣದಾಗಿ ಕಾಣುವುದಿಲ್ಲ. ಆದೇಶವನ್ನು ಪಾಲಿಸುವುದು ಬೇರೆ. ಮೇಲಿನವರ ಮನಸ್ಸನ್ನು ಊಹಿಸಿ, ಆದೇಶ ಬರುವ ಮೊದಲೇ ಟಿಪ್ಪಣಿ ಬರೆದು ಸಹಿ ಹಾಕುವುದು ಬೇರೆ. ಮೊದಲನೆಯದಕ್ಕೆ ಭಯವೆಂಬ ಸಮಜಾಯಿಷಿಯಾದರೂ ಉಂಟು. ಎರಡನೆಯದು ಶುದ್ಧ ಲೆಕ್ಕಾಚಾರ. ಯೂಫಾ ಅಸಹಾಯಕವಾಗಿತ್ತು ಎನ್ನುವವರು ಇನ್ನೊಂದು ಸಂಗತಿಯನ್ನೂ ಮರೆಯಬಾರದು: 1927ರಿಂದ ಅದರ ಒಡೆತನ ಹಿಡಿದಿದ್ದ ಹುಗೆನ್‌ಬರ್ಗ್ ಆ ದಿನಗಳಲ್ಲಿ ಹಿಟ್ಲರನ ಸಂಪುಟದಲ್ಲೇ ಮಂತ್ರಿಯಾಗಿದ್ದ.

ಪೊಮ್ಮರ್ ಪ್ಯಾರಿಸ್, ಹಾಲಿವುಡ್, ಲಂಡನ್ ಎಂದು ಅಲೆದರು. ಲಂಡನ್ನಿನಲ್ಲಿ ಚಾರ್ಲ್ಸ್ ಲಾಟನ್ ಜೊತೆಗೂಡಿ ಸಂಸ್ಥೆ ಕಟ್ಟಿ, 1939ರಲ್ಲಿ ಹಿಚ್‌ಕಾಕ್ ಅವರ 'ಜಮೈಕಾ ಇನ್' ನಿರ್ಮಿಸಿದರು. ಬರ್ಲಿನ್ನಿನಲ್ಲಿ ಅವರಿಗಿದ್ದ ಸ್ಥಾನ ಮಾತ್ರ ಮತ್ತೆಲ್ಲೂ ದೊರೆಯಲಿಲ್ಲ. 1946ರಲ್ಲಿ ಅಮೆರಿಕದ ಸೇನಾಡಳಿತದ ಚಲನಚಿತ್ರ ಅಧಿಕಾರಿಯಾಗಿ ಜರ್ಮನಿಗೆ ಹಿಂದಿರುಗಿದಾಗ, ತಮ್ಮನ್ನು ಹೊರಹಾಕಿದ್ದ ಉದ್ಯಮವನ್ನೇ ಮತ್ತೆ ಎತ್ತಿ ನಿಲ್ಲಿಸುವ ಕೆಲಸ ಅವರ ಪಾಲಿಗೆ ಬಂದಿತು.

ಇದು ನಮಗೆ ತೀರ ದೂರದ ಕಥೆಯಲ್ಲ. 1929ರ 'ಪ್ರಪಂಚ ಪಾಶ್' ಚಿತ್ರಕ್ಕೆ ಯೂಫಾದ ಸಹಯೋಗವಿತ್ತು. ಅದನ್ನು ನಿರ್ಮಿಸಿದ ಹಿಮಾಂಶು ರಾಯ್ ಮತ್ತು ದೇವಿಕಾ ರಾಣಿ 1934ರಲ್ಲಿ ಮುಂಬಯಿಯ ಮಾಲಾಡ್‌ನಲ್ಲಿ ಬಾಂಬೆ ಟಾಕೀಸ್ ಕಟ್ಟಿದಾಗ ಜರ್ಮನ್ ತಂತ್ರಜ್ಞರು ಅಲ್ಲಿ ದುಡಿದರು. ದೇವಿಕಾ ರಾಣಿಯವರು ಕೊನೆಯುಸಿರೆಳೆದದ್ದು ನಮ್ಮ ಬೆಂಗಳೂರಿನಲ್ಲಿ, 1994ರಲ್ಲಿ. ಅದಕ್ಕಿಂತ ಮುಖ್ಯವಾಗಿ, ಅನ್ಯರ ನಗರಗಳಲ್ಲಿ ದುಡಿದು ಬಾಳುವ ನಮ್ಮೆಲ್ಲರ ನೆಮ್ಮದಿ ಒಂದೇ ನಂಬಿಕೆಯ ಮೇಲೆ ನಿಂತಿದೆ: ಕಚೇರಿ ನಮ್ಮ ಕೆಲಸವನ್ನು ನೋಡುತ್ತದೆ, ಹುಟ್ಟನ್ನಲ್ಲ. ಆ ನಂಬಿಕೆಯನ್ನು ಮುರಿಯಲು ಕಾನೂನೇ ಬೇಕಾಗಿಲ್ಲ. ಒಂದು ಸಭೆಯ ನಡಾವಳಿ ಸಾಕು.

ಆದ್ದರಿಂದ ನಮ್ಮ ಸಂಘಗಳಲ್ಲಿ 'ಮೆಟ್ರೊಪೊಲಿಸ್' ತೋರಿಸುವಾಗ ಲಾಂಗ್ ಅವರ ಪ್ರತಿಭೆಯನ್ನು ಧಾರಾಳವಾಗಿ ಕೊಂಡಾಡಿರಿ. ಜೊತೆಗೆ ಮಾರ್ಚ್ 29 ಮತ್ತು ಏಪ್ರಿಲ್ 7, ಈ ಎರಡು ತಾರೀಖುಗಳನ್ನೂ ಪ್ರೇಕ್ಷಕರಿಗೆ ತಿಳಿಸಿರಿ.